‘ಶಿಕಾರಿ’ ಮತ್ತು ಗೇಟಿನ ರಿಜಿಸ್ಟರು

ಯಶವಂತ ಚಿತ್ತಾಲರ ‘ಶಿಕಾರಿ’ ಬಂದದ್ದು 1979ರಲ್ಲಿ. ಊರ ಕಡೆ ಅದನ್ನು ಓದಿದ ಅನೇಕರು ಕಂಪನಿ ರಾಜಕೀಯದ ಕತೆ ಅಂತಲೇ ನೆನಪಿಟ್ಟುಕೊಂಡಿರುತ್ತಾರೆ. ಮುಂಬಯಿಯಲ್ಲಿ ಕೂತು ಓದುವ ನನಗೆ ಅದು ಬೇರೆಯೇ ಆಗಿ ಕಾಣುತ್ತದೆ. ನಮ್ಮ ಬಗ್ಗೆ ಯಾರು ಏನು ಬರೆದಿಟ್ಟಿದ್ದಾರೋ ಅನ್ನೋ ಹೆದರಿಕೆಯ ಕತೆ ಅದು.

ನಾಗಪ್ಪನನ್ನು ಕೆಲಸದಿಂದ ಅಮಾನತು ಮಾಡುತ್ತಾರೆ. ಯಾಕೆ ಅಂತ ಅವನಿಗೇ ಸರಿಯಾಗಿ ಗೊತ್ತಾಗುವುದಿಲ್ಲ. ತಾನು ಹಿಂದೆ ಬಿಟ್ಟುಬಂದ ಬದುಕನ್ನು ಯಾರೋ ಕೆದಕುತ್ತಿದ್ದಾರೆ ಅನ್ನಿಸತೊಡಗುತ್ತದೆ. ಕರಾವಳಿಯಿಂದ ಇಲ್ಲಿಗೆ ಬಂದ ನಮ್ಮಂಥವರಿಗೆ ಮುಂಬಯಿ ಮಾಡಿದ ದೊಡ್ಡ ಉಪಕಾರವೆಂದರೆ, ‘ನೀನು ಯಾರ ಮಗ?’ ಅಂತ ಕೇಳದೇ ಇದ್ದದ್ದು. ಒಂದೇ ಖೋಲಿಯಲ್ಲಿ ಏಳೆಂಟು ಜನ ಮಲಗುವ ಊರಿನಲ್ಲಿ ಖಾಸಗಿತನ ಸಿಗುತ್ತಿದ್ದದ್ದು ಗೋಡೆಗಳಿಂದಲ್ಲ, ಜನಜಂಗುಳಿಯಿಂದ. ಚಾಳಿನ ನೆರೆಯವರು ಎಲ್ಲ ನೋಡುತ್ತಾರೆ, ನಿಜ. ಆದರೆ ಅವರ ಜೊತೆ ಜಗಳ ಆಡಬಹುದು, ಹೀಗಲ್ಲ ಹಾಗೆ ಅಂತ ಹೇಳಬಹುದು. ಫೈಲಿನ ಜೊತೆ ಜಗಳ ಆಡುವುದು ಹೇಗೆ? ಚಿತ್ತಾಲರು ಹಿಡಿದದ್ದು ಈ ವ್ಯತ್ಯಾಸವನ್ನು.

2008ರ ನವೆಂಬರ್ ದಾಳಿಯ ನಂತರ ಇಲ್ಲಿ ಸಿಸಿಟಿವಿ ಜಾಲದ ಯೋಜನೆ ಹುಟ್ಟಿತು. 2016ರ ಹೊತ್ತಿಗೆ ರಸ್ತೆಗಳಲ್ಲಿ ನಾಲ್ಕೂವರೆ ಸಾವಿರಕ್ಕೂ ಹೆಚ್ಚು ಕ್ಯಾಮೆರಾಗಳು ಬಂದವು. ಅಂಥ ದಾಳಿ ಕಂಡ ಊರಿಗೆ ಅದು ಬೇಡ ಅನ್ನುವ ಧೈರ್ಯ ನನಗಿಲ್ಲ. ಹೌಸಿಂಗ್ ಸೊಸೈಟಿಯ ಗೇಟಿನ ಮಾತೇ ಬೇರೆ. ಅಲ್ಲಿ ನೋಡುವವರೂ ನಾವೇ, ಬರೆದಿಡುವವರೂ ನಾವೇ.

ಇಲ್ಲೇ ‘ಶಿಕಾರಿ’ಯ ಬಗ್ಗೆ ನನ್ನ ತಕರಾರೂ ಇದೆ. ಕಾದಂಬರಿ ಬಹುಮಟ್ಟಿಗೆ ನಾಗಪ್ಪನ ತಲೆಯೊಳಗೇ ನಡೆಯುತ್ತದೆ. ಪಿತೂರಿ ಎಷ್ಟು, ಭ್ರಮೆ ಎಷ್ಟು ಅಂತ ಓದುಗನಿಗೂ ತಿಳಿಯದಿರುವುದು ಅದರ ಶಕ್ತಿ. ಆದರೆ ಅದರಿಂದಾಗಿ ಬೇಟೆಗೆ ಸಿಕ್ಕವನು ಓದಿದ ಆಫೀಸರೊಬ್ಬನೇ ಅನ್ನಿಸಿಬಿಡುತ್ತದೆ. ನಾನಿರುವ ಸೊಸೈಟಿಯಲ್ಲಿ ಮನೆಗೆಲಸದ ಬಾಯಿ ದಿನಾ ಹೊರಡುವಾಗ ವಾಚ್‌ಮನ್ನಿನ ಮುಂದೆ ಚೀಲ ತೆರೆದು ತೋರಿಸಬೇಕು. ಅವಳ ಫೋಟೋ, ಬಂದ ಹೊತ್ತು, ಹೋದ ಹೊತ್ತು ಎಲ್ಲ ದಾಖಲು. ಅವಳ ಮೇಲೆ ಇರುವುದು ಸಂಶಯವೇ ಹೊರತು ಪಿತೂರಿಯಲ್ಲ; ಭ್ರಮೆಯಂತೂ ಅಲ್ಲವೇ ಅಲ್ಲ.

2017ರ ಆಗಸ್ಟ್ 24ರಂದು ಸುಪ್ರೀಂ ಕೋರ್ಟಿನ ಒಂಬತ್ತು ನ್ಯಾಯಮೂರ್ತಿಗಳು ಖಾಸಗಿತನ ಮೂಲಭೂತ ಹಕ್ಕು ಅಂತ ಒಮ್ಮತದಿಂದ ಹೇಳಿದರು. ಆ ಮೊಕದ್ದಮೆಗೆ ಹೆಸರು ಕೊಟ್ಟವರು ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ.ಎಸ್. ಪುಟ್ಟಸ್ವಾಮಿ. ನಮ್ಮವರು ಅಂತ ಹೆಮ್ಮೆಪಡೋಣ, ತಪ್ಪಿಲ್ಲ. ಜೊತೆಗೆ ‘ಶಿಕಾರಿ’ಯನ್ನು ಇನ್ನೊಮ್ಮೆ ಓದೋಣ. ಈ ಸಲ ನಾಗಪ್ಪನ ಜಾಗದಲ್ಲಿ ಮಾತ್ರ ಕೂತು ಓದಿದರೆ ಸಾಲದು. ಅವನ ಫೈಲು ಬರೆದವರ ಜಾಗದಲ್ಲೂ ಕೂರಬೇಕು, ಯಾಕೆಂದರೆ ಗೇಟಿನ ರಿಜಿಸ್ಟರಿಗೆ ಸಭೆಯಲ್ಲಿ ಕೈ ಎತ್ತಿದವರು ನಾವೇ.