ಕಲ್ಲು, ಕಲ್ಲುಸಕ್ಕರೆ ಮತ್ತು ಕಾಲ: ಕೈವಾರದ ಒಂದು ಐತಿಹ್ಯದ ವಿಮರ್ಶೆ

ಕೈವಾರದ ಯೋಗಿ ನಾರೇಯಣರ ವಿಷಯವಾಗಿ ಪ್ರಚಾರದಲ್ಲಿರುವ ಐತಿಹ್ಯಗಳೊಳಗೆ ಅವರ ಶಿಷ್ಯವೃತ್ತಿಯನ್ನು ಕುರಿತ ಕಥೆಯು ಬಹು ಪ್ರಸಿದ್ಧವಾದುದು. ಬಳೆಯ ಮಲಾರವನ್ನು ಹೊತ್ತು ಊರೂರು ಅಲೆಯುತ್ತಿದ್ದ ನಾರಣಪ್ಪನಿಗೆ ಪರದೇಶಿಸ್ವಾಮಿಗಳೆಂಬ ಗುರುಗಳು ದೊರೆತು, ಅವನ ಬಾಯಲ್ಲಿ ಒಂದು ಕಲ್ಲಿನ ಹರಳನ್ನಿಟ್ಟು, ಅಷ್ಟಾಕ್ಷರೀ ಮಂತ್ರವನ್ನುಪದೇಶಿಸಿ, ಆ ಕಲ್ಲು ಕಲ್ಲುಸಕ್ಕರೆಯಾಗುವವರೆಗೂ ಜಪವನ್ನು ಬಿಡಬಾರದೆಂದು ಆಜ್ಞಾಪಿಸಿದರಂತೆ. ಬೆಟ್ಟದ ಗುಹೆಯಲ್ಲಿ ಕುಳಿತು ಜಪಿಸಿದ ಶಿಷ್ಯನ ಬಾಯಲ್ಲಿ ಕಲ್ಲು ಕರಗಿ ಸಿಹಿಯಾಯಿತು. ಬಳೆಗಾರನು ಯೋಗಿಯಾದನು, ಕವಿಯೂ ಆದನು.

ಭಕ್ತರು ಇದನ್ನು ಪವಾಡವೆಂದು ನಂಬುವರು. ವಿದ್ಯಾವಂತರು ಮನಃಪರಿವರ್ತನೆಯ ರೂಪಕವೆಂದು ಹೇಳಿ ಮುಂದೆ ಸಾಗುವರು. ಇಬ್ಬರೂ ಕಥೆಯಲ್ಲಿರುವ ವಸ್ತುವನ್ನು ನೋಡುವುದಿಲ್ಲ. ಕಲ್ಲು ಏಕೆ ಚಿನ್ನವಾಗಲಿಲ್ಲ? ಏಕೆ ಅಮೃತವಾಗಲಿಲ್ಲ? ಸ್ಪರ್ಶಮಣಿಯ ಕಥೆಗಳಲ್ಲಿ ಕಬ್ಬಿಣವು ಮುಟ್ಟಿದ ಕ್ಷಣದಲ್ಲಿಯೇ ಹೊನ್ನಾಗುವುದು. ಅಲ್ಲಿ ಶಿಷ್ಯನಿಗೆ ಕೆಲಸವೇ ಇಲ್ಲ. ಇಲ್ಲಿಯಾದರೋ ಗುರುವು ಹೇಳಿದುದು ಅಡುಗೆಯವನು ಹೇಳುವ ಮಾತು: ಆಗುವವರೆಗೂ ಬಿಡಬೇಡ.

ಕಲ್ಲುಸಕ್ಕರೆಯನ್ನು ಮಾಡುವ ಕ್ರಮವನ್ನು ಬಲ್ಲವರಿಗೆ ಇದರ ಔಚಿತ್ಯವು ಸುಲಭವಾಗಿ ತಿಳಿದೀತು. ಸಕ್ಕರೆಯ ಪಾಕವನ್ನು ಎಳೆ ಬರುವಂತೆ ಕಾಯಿಸಿ, ಪಾತ್ರೆಯಲ್ಲಿ ದಾರಗಳನ್ನು ಕಟ್ಟಿ, ಅಲುಗಿಸದೆ ದಿನಗಟ್ಟಲೆ ಇಡಬೇಕು. ದೊಡ್ಡ ಹರಳು ಒಲೆಯ ಮೇಲೆ ಆಗುವುದಿಲ್ಲ. ಒಲೆಯಿಂದ ಇಳಿಸಿದ ಮೇಲೆ ಆಗುವುದು. ಆತುರಪಟ್ಟು ಕದಡಿದರೆ ಬರಿಯ ಪುಡಿ ಹರಳು ಉಳಿಯುತ್ತದೆ. ಬೆಂಕಿಯು ಮುಗಿದ ಮೇಲೆ ಕಾಲವೇ ಅಡುಗೆ ಮಾಡುವ ಇಂತಹ ತಿನಿಸುಗಳು ನಮ್ಮಲ್ಲಿ ಹೆಚ್ಚಿಲ್ಲ. ಐತಿಹ್ಯವು ಇದನ್ನೇ ಆರಿಸಿಕೊಂಡಿರುವುದು ಆಕಸ್ಮಿಕವೆಂದು ನಮಗೆ ತೋರುವುದಿಲ್ಲ.

ಭಾಷೆಯ ಸಾಕ್ಷ್ಯವೂ ಇದೆ. ನಾರೇಯಣರು ತೆಲುಗು, ಕನ್ನಡಗಳೆರಡರಲ್ಲಿಯೂ ರಚಿಸಿದರು. ‘ಅಮರನಾರೇಯಣ ಶತಕ’ವು ತೆಲುಗಿನದು. ತೆಲುಗಿನಲ್ಲಿ ಕಲ್ಲಿಗೆ ‘ರಾಯಿ’ ಎಂದೂ ಕಲ್ಲುಸಕ್ಕರೆಗೆ ‘ಕಲಕಂಡ’ ಅಥವಾ ‘ಪಟಿಕಬೆಲ್ಲ’ವೆಂದೂ ಹೆಸರು. ಅಲ್ಲಿ ಒಂದು ಮತ್ತೊಂದಾಯಿತೆಂದರೆ ಎರಡು ಬೇರೆ ಪದಾರ್ಥಗಳ ಅದಲುಬದಲು ಮಾತ್ರ. ಕನ್ನಡದಲ್ಲಿಯಾದರೆ ಕಲ್ಲು ತನ್ನ ಹೆಸರನ್ನು ಕಳೆದುಕೊಳ್ಳದೆಯೇ ಸಿಹಿಯನ್ನು ಕೂಡಿಸಿಕೊಳ್ಳುತ್ತದೆ. ತಮಿಳಿನ ‘ಕಱ್ಕಂಡು’ ಶಬ್ದದಲ್ಲಿಯೂ ಈ ಸೊಗಸು ಉಂಟು. ಆದರೆ ನಾರೇಯಣರ ಕವಿತೆಯ ಭಾಷೆ ತಮಿಳಲ್ಲ. ಆದುದರಿಂದ, ಕವಿಯ ಕೃತಿಗಳಲ್ಲಿ ತೆಲುಗಿನ ಪಾಲು ಎಷ್ಟೇ ಇರಲಿ, ಅವರ ಶಿಷ್ಯವೃತ್ತಿಯ ಕಥೆಯು ಈ ರೂಪವನ್ನು ತಾಳಿದುದು ಕನ್ನಡದ ಬಾಯಲ್ಲಿಯೇ ಎಂದು ಊಹಿಸಬಹುದು.

ಪುರಂದರದಾಸರ ಒಂದು ಪ್ರಸಿದ್ಧ ಕೀರ್ತನೆಯಲ್ಲಿಯೂ ಭಗವನ್ನಾಮವು ಕಲ್ಲುಸಕ್ಕರೆಯಾಗಿ ಬಂದಿದೆ. ಅಲ್ಲಿ ದಾಸರು ವರ್ತಕರು, ಸರಕು ಸಿದ್ಧವಾಗಿದೆ, ಕೊಳ್ಳುವವರು ಬರಬೇಕಷ್ಟೆ. ಕೈವಾರದ ನಾಯಕನೂ ಹುಟ್ಟಿನಿಂದ ವ್ಯಾಪಾರಿಯೇ. ಆದರೆ ಅವನ ಕಥೆಯಲ್ಲಿ ಅಂಗಡಿಯಿಲ್ಲ. ಸರಕನ್ನು ಬಾಯಲ್ಲಿಯೇ ತಯಾರಿಸಬೇಕು. ಒಂದು ನಾಮದ ಸುಲಭತೆಯನ್ನು ಹೇಳಿದರೆ ಮತ್ತೊಂದು ಅದರ ದುರ್ಲಭತೆಯನ್ನು ಹೇಳುತ್ತದೆ.

ನಮ್ಮ ಅಲಂಕಾರಶಾಸ್ತ್ರವು ‘ಪಾಕ’ವೆಂಬ ಅಡುಗೆಮನೆಯ ಮಾತನ್ನು ಕಾವ್ಯಕ್ಕೆ ತಂದುದು ವಾಚಕರಿಗೆ ತಿಳಿದ ವಿಷಯ. 10ನೆಯ ಶತಮಾನದ ರಾಜಶೇಖರನು ‘ಕಾವ್ಯಮೀಮಾಂಸೆ’ಯಲ್ಲಿ ಎಡೆಬಿಡದ ಅಭ್ಯಾಸದಿಂದ ಕವಿಯ ವಾಕ್ಯವು ಪಾಕಕ್ಕೆ ಬರುವುದೆಂದು ಹೇಳಿ, ಒಂಬತ್ತು ಪಾಕಗಳನ್ನು ಎಣಿಸುತ್ತಾನೆ. ಅವನ ದ್ರಾಕ್ಷಾಪಾಕವು ಮೊದಲಲ್ಲಿ ರುಚಿಯಿಲ್ಲದುದು, ಕೊನೆಯಲ್ಲಿ ಸವಿಯಾದುದು. ಮುಂದೆ ವಿದ್ಯಾನಾಥನ ‘ಪ್ರತಾಪರುದ್ರೀಯ’ದಲ್ಲಿ ಅದೇ ಹೆಸರು ಒಳಗೂ ಹೊರಗೂ ರಸವು ಹೊಳೆಯುವ ಕಾವ್ಯಕ್ಕೆ ಸಲ್ಲುವುದು. ಈ ಎರಡರ ನಡುವೆ ಪಾಕದಿಂದ ಕಾಲವು ಜಾರಿಹೋಯಿತೆಂದೇ ಹೇಳಬೇಕು; ಮಾಗುವುದರ ಹೆಸರು ಸುಲಭವಾಗಿ ತಿಳಿಯುವುದರ ಹೆಸರಾಯಿತು. ಇಂದಿಗೂ ತರಗತಿಗಳಲ್ಲಿ ನಾವು ದ್ರಾಕ್ಷಾಪಾಕವೆಂದರೆ ಸರಳಶೈಲಿಯೆಂದೇ ಬರೆಯಿಸುತ್ತೇವೆ. ಕೈವಾರದ ಕಥೆಯು, ಶಾಸ್ತ್ರವನ್ನು ಓದದ ಜನರ ಬಾಯಲ್ಲಿ, ರಾಜಶೇಖರನ ಹಳೆಯ ಅರ್ಥವನ್ನೇ ಉಳಿಸಿಕೊಂಡಿದೆ.

ಇದೇ ಬೆಟ್ಟಕ್ಕೆ ಇನ್ನೊಂದು ಅನ್ನದ ಕಥೆಯೂ ಅಂಟಿಕೊಂಡಿದೆ. ಸ್ಥಳಪುರಾಣವು ಕೈವಾರವನ್ನು ಏಕಚಕ್ರನಗರವೆಂದು ಹೇಳುತ್ತದೆ. ಊರಲ್ಲಿ ಭೀಮೇಶ್ವರನ ಗುಡಿಯೂ ಉಂಟು. ಬಕನಿಗೆಂದು ಹೊರಟ ಬಂಡಿಯ ಅನ್ನವನ್ನು ಭೀಮನು ತಾನೇ ಉಂಡು ಮುಗಿಸಿದನು. ಒಬ್ಬನು ಬಂಡಿಯನ್ನೇ ನುಂಗಿದ ಸ್ಥಳದಲ್ಲಿ ಮತ್ತೊಬ್ಬನು ಒಂದು ಹರಳನ್ನು ನುಂಗದೆ ಕುಳಿತನು! ಜನರು ಬೇಕೆಂದೇ ಇವೆರಡನ್ನು ಜೋಡಿಸಿದರೆಂದು ಹೇಳಲು ಆಧಾರವಿಲ್ಲ.

ಕಾಲವು ಅಡುಗೆಯವನೆಂಬ ಕಲ್ಪನೆಗೆ ಭಾರತದ ಯಕ್ಷಪ್ರಶ್ನೆಯ ಪ್ರಚಲಿತ ಪಾಠವೇ ಪ್ರಮಾಣ. ಮೋಹವೆಂಬ ಕಟಾಹದಲ್ಲಿ, ಸೂರ್ಯನೆಂಬ ಬೆಂಕಿಗೆ ಹಗಲಿರುಳೆಂಬ ಸೌದೆಯನ್ನೊಡ್ಡಿ, ಮಾಸ ಋತುಗಳೆಂಬ ಸೌಟಿನಿಂದ ಕಾಲನು ಜೀವಿಗಳನ್ನು ಬೇಯಿಸುತ್ತಿದ್ದಾನೆಂದು ಧರ್ಮರಾಜನು ಅಲ್ಲಿ ಉತ್ತರ ಕೊಡುತ್ತಾನೆ. ಅಲ್ಲಿ ಮನುಷ್ಯನು ಬೇಯುವ ವಸ್ತು. ಕೈವಾರದ ಗುಹೆಯಲ್ಲಿ ಅವನು ಅದೇ ಕಾಲವನ್ನು ಒಲೆಯಾಗಿ ಮಾಡಿಕೊಂಡು ಬೇರೊಂದನ್ನು ಬೇಯಿಸುತ್ತಾನೆ.

ಇಷ್ಟು ವಿಸ್ತರಿಸಿದುದಕ್ಕೆ ಕಾರಣವುಂಟು. ಸಂಪ್ರದಾಯವು 1726ರಿಂದ 1836ರವರೆಗೆ, ಎಂದರೆ 110 ವರ್ಷ, ಬಾಳಿದರೆಂದು ಹೇಳುವ ಈ ಯೋಗಿಗಳು ಜನಸಾಮಾನ್ಯಕ್ಕೆ ಪರಿಚಿತರಾಗಿರುವುದು ಬಹುಮಟ್ಟಿಗೆ ‘ಕಾಲಜ್ಞಾನ’ದಿಂದ. ಅದನ್ನು ಓದುವವರು ಯಾವ ಭವಿಷ್ಯವು ಫಲಿಸಿತೆಂದು ಲೆಕ್ಕ ಹಾಕುವರು. ಹೀಗೆ ಓದಿದಾಗ ಕಾಲವೆಂದರೆ ಮುಂದೆ ನಡೆಯುವ ಸಂಗತಿಗಳ ಪಟ್ಟಿ ಮಾತ್ರ. ಕವಿಯು ಜೋಯಿಸನಾಗುತ್ತಾನೆ, ಪದ್ಯವು ಪದ್ಯವಾಗಿ ಉಳಿಯುವುದಿಲ್ಲ. ಕಲ್ಲಿನ ಕಥೆಯಲ್ಲಿರುವ ಕಾಲಜ್ಞಾನವೇ ಬೇರೆ: ಒಂದು ವಸ್ತುವು ಪಕ್ವವಾಗಲು ಎಷ್ಟು ಹೊತ್ತು ಬೇಕೋ ಅಷ್ಟು ಹೊತ್ತನ್ನು ಕೊಡಬಲ್ಲ ಜ್ಞಾನ. ಅವರ ತತ್ತ್ವಪದಗಳನ್ನು ಪಾಠ ಹೇಳುವವರು ಈ ಎರಡನೆಯ ಅರ್ಥದಿಂದ ಹೊರಡುವುದು ಲೇಸೆಂದು ನಮ್ಮ ಅಭಿಪ್ರಾಯ. ಆಗ ಒಂದೇ ಅಂಕಿತದ ಕನ್ನಡ ಪದವನ್ನೂ ತೆಲುಗು ಪದವನ್ನೂ ಪಕ್ಕಪಕ್ಕದಲ್ಲಿಟ್ಟು, ಯಾವ ಭಾಷೆಯಲ್ಲಿ ಮಾತು ಹೆಚ್ಚು ಮಾಗಿದೆಯೆಂದು ನೋಡಲು ಅವಕಾಶವಾಗುವುದು. 2007ರಲ್ಲಿ ಕೋಲಾರದಿಂದ ಬೇರ್ಪಟ್ಟ ಚಿಕ್ಕಬಳ್ಳಾಪುರ ಜಿಲ್ಲೆಯಲ್ಲಿ ಈ ಎರಡು ನುಡಿಗಳನ್ನೂ ಮನೆಮಾತಿನಂತೆ ಬಲ್ಲ ಅಧ್ಯಾಪಕರಿರುವರು. ಈ ತುಲನೆಯನ್ನು ಅವರು ಚಿಂತಾಮಣಿ ಸೀಮೆಯ ಭಜನೆಯ ಗೋಷ್ಠಿಗಳಲ್ಲಿ ಕುಳಿತು, ಹಾಡುವವರ ಬಾಯಿಂದ ಕೇಳಿಯೇ ಆರಂಭಿಸಬಹುದು.