ಆತುರವಿಲ್ಲದ ಬ್ರೋಸ್ಟ್

ಭಟ್ಕಳದಲ್ಲೋ ಉಳ್ಳಾಲದಲ್ಲೋ, ಸೌದಿಯಲ್ಲಿ ದುಡಿದು ಬಂದವರ ಮುಂದೆ ಅಲ್‌ಬೈಕ್ ಎಂಬ ಕರಿದ ಕೋಳಿಯ ಅಂಗಡಿಯ ಹೆಸರೆತ್ತಿ ನೋಡಿ. ಅಲ್ಲಿನ ಬಿಸಿಲು, ಇಕಾಮಾ ಎಂಬ ವಾಸದ ಪರವಾನಗಿಯ ತಾಪತ್ರಯ, ಕೆಲಸಕ್ಕೆ ಕರೆಸಿಕೊಂಡ ಕಫೀಲನ ಮರ್ಜಿ ಎಲ್ಲ ಪಕ್ಕಕ್ಕೆ ಸರಿದು ಮಾತು ಕೋಳಿಯ ಮೇಲೆ ಬಂದು ನಿಲ್ಲುತ್ತದೆ. ಹಜ್, ಉಮ್ರಾ ಮುಗಿಸಿ ಬಂದವರೂ ಹಾಗೆಯೇ. ಝಮ್‌ಝಮ್ ನೀರು, ಖರ್ಜೂರ ಹಂಚಿಯಾದ ಮೇಲೆ ಆ ಊಟದ ಸುದ್ದಿ ಬಂದೇ ಬರುತ್ತದೆ. ಜಿದ್ದಾ ವಿಮಾನ ನಿಲ್ದಾಣದಲ್ಲಿ ಅಲ್‌ಬೈಕ್ ಡಬ್ಬಿ ಹಿಡಿದೇ ವಿಮಾನ ಹತ್ತುವವರು ಎಷ್ಟೋ ಜನ. ಕರಿದ ಕೋಳಿ ಸಿಗದ ಪಟ್ಟಣ ಈಗ ಯಾವುದೂ ಇಲ್ಲ. ಹಾಗಿದ್ದೂ ಈ ಒಂದು ಅಂಗಡಿಯ ಮೇಲೆ ಜನಕ್ಕೆ ಇಷ್ಟು ಪ್ರೀತಿ ಏಕೆ? ಅದು ಬೆಳೆಯಲು ಅವಸರ ಪಡಲಿಲ್ಲ ಎಂಬುದರಲ್ಲೇ ಅರ್ಧ ಉತ್ತರ ಇದೆ ಎಂದು ನಾನು ನಂಬಿದ್ದೇನೆ.

ಜಿದ್ದಾದಲ್ಲಿ 1974ರಲ್ಲಿ ಶಕೂರ್ ಅಬು ಗಝಾಲ ಎಂಬವರು ಹಳೆಯ ಗೋದಾಮೊಂದನ್ನು ಹೋಟೆಲು ಮಾಡಿಕೊಂಡು ಈ ವ್ಯಾಪಾರಕ್ಕೆ ಇಳಿದರು. ಹಿಂದಿನ ವರ್ಷವಷ್ಟೇ ಎಣ್ಣೆಯ ಬೆಲೆ ಮೇಲೇರಿ ಸೌದಿಯ ಬದುಕೇ ಬದಲಾಗತೊಡಗಿತ್ತು. ರಸ್ತೆ, ಬಂದರು, ಕಟ್ಟಡಗಳ ಕೆಲಸಕ್ಕೆ ನಾನಾ ದೇಶದ ಮಂದಿ ಬಂದಿಳಿಯುತ್ತಿದ್ದರು. ಮನೆಯ ಅಡುಗೆಯಿಂದ ದೂರವಿರುವ, ಬೇಗ ಉಂಡು ಕೆಲಸಕ್ಕೆ ಮರಳಬೇಕಾದ ಜನ. ಅಂಥವರಿಗಾಗಿ ಶಕೂರ್ ತಂದದ್ದು ಅಮೆರಿಕದ ಬ್ರೋಸ್ಟ್ ಯಂತ್ರ. ಆದರೆ ಅಂಗಡಿ ಏಳಿಗೆಗೆ ಬಂದದ್ದನ್ನು ನೋಡುವ ಭಾಗ್ಯ ಅವರಿಗಿರಲಿಲ್ಲ. 1976ರಲ್ಲಿ ಕ್ಯಾನ್ಸರ್ ಅವರನ್ನು ಕೊಂಡೊಯ್ದಿತು.

ಆ ಯಂತ್ರದ ಬಗ್ಗೆ ಸ್ವಲ್ಪ ನಿಂತು ಹೇಳಬೇಕು, ಯಾಕೆಂದರೆ ರುಚಿಯ ಬುಡ ಅಲ್ಲಿದೆ. ಅಮೆರಿಕದ ವಿಸ್ಕಾನ್ಸಿನ್ ರಾಜ್ಯದ ಬೆಲಾಯ್ಟ್ ಎಂಬ ಊರಲ್ಲಿ 1950ರ ದಶಕದಲ್ಲಿ ಎಲ್.ಎ.ಎಂ. ಫೆಲನ್ ಎಂಬವರು ರೂಪಿಸಿದ ಪ್ರೆಷರ್ ಫ್ರೈಯರ್ ಅದು. ನಮ್ಮ ಮನೆಯ ಕುಕ್ಕರಿನಲ್ಲಿ ನೀರಿನ ಬದಲು ಎಣ್ಣೆ ಇದೆ ಎಂದುಕೊಳ್ಳಿ. (ಮನೆಯ ಕುಕ್ಕರಿನಲ್ಲಿ ಇದನ್ನು ಯಾರೂ ಪ್ರಯತ್ನಿಸಬಾರದು, ಜೀವಕ್ಕೇ ಅಪಾಯ.) ಬಿಸಿ ಎಣ್ಣೆಗೆ ಹಿಟ್ಟಿನಲ್ಲಿ ಹೊರಳಿಸಿದ ತುಂಡು ಬಿಟ್ಟು ಮುಚ್ಚಳ ಬಿಗಿದರೆ ಕೋಳಿಯ ತೇವವೇ ಆವಿಯಾಗಿ ಒಳಗೆ ಒತ್ತಡ ಏರಿಸುತ್ತದೆ. ಒತ್ತಡ ಏರಿದಂತೆ ನೀರು ಕುದಿಯುವ ಬಿಂದುವೂ ಮೇಲೇರುತ್ತದೆ. ಹಾಗಾಗಿ ಮಾಂಸದೊಳಗಿನ ರಸ ಬಾಣಲೆಯಲ್ಲಿ ಕರಿದಾಗ ಹಾರಿಹೋಗುವಷ್ಟು ಹಾರಿಹೋಗುವುದಿಲ್ಲ. ಬೇಯುವುದೂ ಬೇಗ. ಮೂಳೆಯ ಹತ್ತಿರ ಹಸಿ, ಹೊರಗೆ ಕಪ್ಪು ಎಂಬ ಬಾಣಲೆಯ ಹಳೇ ಕಾಟ ಇಲ್ಲಿಲ್ಲ. ಸರಿಯಾಗಿ ಮಾಡಿದ ಬ್ರೋಸ್ಟಿನ ತೊಡೆಯ ತುಂಡನ್ನು ಮುರಿದರೆ ಮೊದಲು ಆವಿ ಏಳುತ್ತದೆ, ಆಮೇಲೆ ರಸ ಬೆರಳಿಗೆ ಇಳಿಯುತ್ತದೆ. ಎದೆಯ ತುಂಡು ಕೂಡ ಗಂಟಲಲ್ಲಿ ಒಣಗಿ ಸಿಕ್ಕಿಕೊಳ್ಳುವುದಿಲ್ಲ. ಕರಿದ ಕೋಳಿಯ ಅಡುಗೆಯವನನ್ನು ಅಳೆಯುವುದಾದರೆ ನಾನು ಎದೆಯ ತುಂಡಿನಿಂದಲೇ ಅಳೆಯುವುದು. ತೊಡೆಯನ್ನು ಹಾಳು ಮಾಡುವುದು ಕಷ್ಟ, ಎದೆಯನ್ನು ಉಳಿಸುವುದು ಕಷ್ಟ.

ಶಕೂರ್ ಹೋದ ಮೇಲೆ ಅಂಗಡಿ ಕೆಲವು ವರ್ಷ ಕುಂಟಿತು. ಅದನ್ನು ಎತ್ತಿ ನಿಲ್ಲಿಸಿದವರು ಅವರ ಮಕ್ಕಳಾದ ಇಹ್ಸಾನ್ ಮತ್ತು ರಾಮಿ. ಇಹ್ಸಾನ್ ಓದಿದ್ದು ಎಂಜಿನಿಯರಿಂಗ್, ರಾಮಿ ಫ್ರಾನ್ಸಿಗೆ ಹೋಗಿ ಆಹಾರದ ವಿದ್ಯೆ ಕಲಿತು ಬಂದರು. ಹೊರಗಿನಿಂದ ತರಿಸುವ ಸಿದ್ಧ ಮಸಾಲೆಯನ್ನು ಬಿಟ್ಟು, 1980ರ ದಶಕದ ನಡುವಿಗೆ 18 ಬಗೆಯ ಸೊಪ್ಪು, ಸಾಂಬಾರ ಪದಾರ್ಥಗಳ ತಮ್ಮದೇ ಮಿಶ್ರಣ ಸಿದ್ಧಪಡಿಸಿದರು. ನನ್ನ ಲೆಕ್ಕದಲ್ಲಿ ಅಲ್‌ಬೈಕ್ ನಿಜವಾಗಿ ಹುಟ್ಟಿದ್ದು ಆಗಲೇ. ಯಂತ್ರವನ್ನು ದುಡ್ಡಿದ್ದವರು ಯಾರು ಬೇಕಾದರೂ ತರಿಸಬಹುದು. ಮಸಾಲೆ ಸ್ವಂತದ್ದಾದ ದಿನ ಅಂಗಡಿಯೂ ಸ್ವಂತದ್ದಾಗುತ್ತದೆ.

ಇನ್ನು ಹರಡುವಿಕೆಯ ಕಥೆ. ರಿಯಾದ್‌ನಲ್ಲಿ ಹರ್ಫಿ 1981ರಲ್ಲಿ, ಕುಡು 1988ರಲ್ಲಿ ಶುರುವಾದವು. ಅವೂ ಸೌದಿಯ ನೆಲದವೇ. 1993ರಲ್ಲಿ ಮೆಕ್‌ಡೊನಾಲ್ಡ್ಸ್ ಬಂತು. ಎಲ್ಲರೂ ಬರ್ಗರ್ ಹಿಡಿದು ಊರೂರಿಗೆ ಓಡುತ್ತಿದ್ದಾಗ ಅಲ್‌ಬೈಕ್ ಕೆಂಪು ಸಮುದ್ರದ ಮಗ್ಗುಲಿನ ಹಿಜಾಝ್ ಬಿಟ್ಟು ಕದಲಲಿಲ್ಲ. ಜಿದ್ದಾ, ಮಕ್ಕಾ, ಮದೀನಾ, ತಾಯಿಫ್ ಎಂದು ದಶಕಗಳ ಕಾಲ ಅಲ್ಲೇ ಬೇರೂರಿತು. ರಿಯಾದ್‌ನವರು ಜಿದ್ದಾಕ್ಕೆ ಹೋಗಿಬರುವ ಬಂಧುಗಳ ಕೈಲಿ ಪಾರ್ಸೆಲ್ ತರಿಸಿಕೊಳ್ಳುತ್ತಿದ್ದರು. ರಾಜಧಾನಿಯ ಜನರಿಗೆ ತಮ್ಮ ಊರಲ್ಲೇ ಅದು ಸಿಕ್ಕಿದ್ದು ತೀರಾ ಈಚೆಗೆ. ದೇಶದ ಗಡಿ ದಾಟಿ ಬಹರೈನ್‌ಗೆ ಕಾಲಿಟ್ಟಿದ್ದು 2020ರ ಡಿಸೆಂಬರಿನಲ್ಲಿ, ದುಬೈ ಮಾಲ್‌ಗೆ 2021ರಲ್ಲಿ. ಅಂದರೆ ಮೊದಲ ಒಲೆ ಹಚ್ಚಿ 46 ವರ್ಷವಾದ ಮೇಲೆ ಪರದೇಶ! ಈ ಕಾಲದ ಯಾವ ಹೂಡಿಕೆದಾರನಿಗಾದರೂ ಈ ಲೆಕ್ಕ ಕೇಳಿದರೆ ನಿದ್ದೆ ಬರಲಿಕ್ಕಿಲ್ಲ.

ಅಂಥ ತಡೆದುಕೊಳ್ಳುವಿಕೆಗೆ ಎದೆಗಾರಿಕೆ ಬೇಕು. ಜನ ಬೇಡುತ್ತಿದ್ದಾರೆ, ದುಡ್ಡು ಸುರಿಯಲು ಸಿದ್ಧರಿದ್ದಾರೆ, ಆದರೂ ಅಡುಗೆಮನೆ ತಯಾರಾಗುವವರೆಗೆ ಬೋರ್ಡು ಹಾಕುವುದಿಲ್ಲ ಎನ್ನುವುದು ಸಣ್ಣ ಮಾತಲ್ಲ. ದರದಲ್ಲೂ ಅದೇ ಹಿಡಿತ. ನಾಲ್ಕು ತುಂಡಿನ ಊಟ ವರ್ಷಗಟ್ಟಲೆ ಕೂಲಿಯವರ ಜೇಬಿಗೂ ನಿಲುಕುತ್ತಿತ್ತು. ಹಾಗಾಗಿ ದೊಡ್ಡ ಕಾರಿನಿಂದ ಇಳಿದ ಸಾಹುಕಾರನೂ ಸೈಟಿನಿಂದ ಧೂಳು ಮೈಯಲ್ಲಿ ಬಂದ ಮೇಸ್ತ್ರಿಯೂ ಒಂದೇ ಸಾಲಿನಲ್ಲಿ ನಿಂತರು. ನಮಾಝಿನ ಹೊತ್ತಿಗೆ ಷಟರ್ ಇಳಿಸುತ್ತಿದ್ದ ಆ ಕಾಲದಲ್ಲಿ ಹೊರಗೆ ನಿಂತವರು ಜಾಗ ಬಿಟ್ಟು ಹೋಗುತ್ತಿರಲಿಲ್ಲ. ಗಂಡಸರಿಗೆ ಒಂದು ಕಡೆ, ಕುಟುಂಬಗಳಿಗೆ ಒಂದು ಕಡೆ ಎಂಬ ಪ್ರತ್ಯೇಕ ಬಾಗಿಲಿನ ಕಡ್ಡಾಯವನ್ನು ಸೌದಿ ಸರ್ಕಾರ 2019ರ ಕೊನೆಗೆ ತೆಗೆದುಹಾಕಿತು. ಸಾಲು ಮಾತ್ರ ಹಾಗೇ ಉಳಿಯಿತು.

ಆ ಸಾಲನ್ನು ತಂದದ್ದು ಹಲಾಲ್ ಎಂಬ ಹೆಸರಲ್ಲ. ಲಂಡನ್ನಿನಲ್ಲೋ ನ್ಯೂಯಾರ್ಕಿನಲ್ಲೋ ಹಲಾಲ್ ಎಂಬ ಬೋರ್ಡೇ ಅರ್ಧ ಗಿರಾಕಿಗಳನ್ನು ಒಳಗೆ ಕರೆದು ತರುತ್ತದೆ. ಬೇರೆ ಕಡೆ ತಿನ್ನಲಾಗದವರು ಅಲ್ಲಿಗೆ ಬರಲೇಬೇಕು, ರುಚಿ ಸ್ವಲ್ಪ ಹಿಂದೆ ಬಿದ್ದರೂ ನಡೆದುಹೋಗುತ್ತದೆ. ಜಿದ್ದಾದಲ್ಲಿ ಆ ಅನುಕೂಲ ಇಲ್ಲ. ಪಕ್ಕದ ಅಂಗಡಿಯದೂ ಹಲಾಲ್, ಎದುರಿನ ಅಮೆರಿಕದ ಕಂಪನಿಯದೂ ಹಲಾಲ್. ಧರ್ಮದ ನಿಯಮ ಎಲ್ಲರಿಗೂ ಒಂದೇ ಆದ ಮೇಲೆ ಗೆಲ್ಲಲು ಉಳಿದದ್ದು ಉಪ್ಪು, ಹುಳಿ, ಖಾರ ಮಾತ್ರ. ಸ್ವಂತ ನೆಲದಲ್ಲಿ ಸ್ವಂತ ಜನರ ನಾಲಗೆಯೆದುರು ಪರೀಕ್ಷೆಗೆ ಕೂತು ಪಾಸಾದ ಅಂಗಡಿ ಇದು. ಅದೇ ಹೊತ್ತಿಗೆ ಲೋಕದ ಮೂಲೆಮೂಲೆಯಿಂದ ಬರುವ ಹಾಜಿಗಳಿಗೆ, ನಮ್ಮ ಕರಾವಳಿಯ ಬ್ಯಾರಿ, ನವಾಯತ ಹಿರಿಯರಿಗೆ, ಯಾರನ್ನೂ ಏನನ್ನೂ ವಿಚಾರಿಸದೆ ನಿಶ್ಚಿಂತೆಯಿಂದ ಉಣ್ಣುವ ನೆಮ್ಮದಿ ಅದು ಕೊಟ್ಟಿತು. ಮಕ್ಕಾದ ದಾರಿಯಲ್ಲಿ ಇದ್ದದ್ದರಿಂದ ಅದರ ಸುದ್ದಿ ದೇಶದೇಶ ಮುಟ್ಟುತ್ತಿತ್ತು.

ಡಬ್ಬಿಯೊಳಗಿನ ಪುಟ್ಟ ಬೆಳ್ಳುಳ್ಳಿ ಸಾಸನ್ನು ಮರೆತರೆ ಅಪಚಾರ. ಶಾಮ್ ನಾಡಿನ (ಸಿರಿಯಾ, ಲೆಬನಾನ್ ಸೀಮೆಯ) ಅಡುಗೆಯ ತೂಮ್ ಎಂಬ ಬಿಳಿ ಬೆಣ್ಣೆಯಂಥ ಚಟ್ನಿಯ ಬಳಗದ್ದು ಇದು. ತೂಮ್‌ಗೆ ಬೆಳ್ಳುಳ್ಳಿಯನ್ನು ಉಪ್ಪಿನೊಂದಿಗೆ ನುಣ್ಣಗೆ ಅರೆದು, ಎಣ್ಣೆಯನ್ನು ಎಳೆಯಾಗಿ ಬಿಡುತ್ತ, ನಿಂಬೆರಸ ಸೇರಿಸುತ್ತ ಕಡೆಯುತ್ತಾರೆ. ಎಣ್ಣೆ ಸುರಿಯುವ ಕೈ ಅವಸರ ಮಾಡಿದರೆ ಒಡೆದು ನೀರಾಗುತ್ತದೆ. ಖಾರದ ಬ್ರೋಸ್ಟಿಗೆ ಇದರ ತಂಪು ಘಾಟು ಸೇರಿದಾಗ ಸಿಗುವ ಸುಖ ಟೊಮೆಟೊ ಕೆಚಪ್‌ನಿಂದ ಎಂದೂ ಸಿಗದು.

ನಮ್ಮ ದೇಶದ ಎಷ್ಟೋ ಪೇಟೆಗಳಲ್ಲಿ ಅಲ್‌ಬೈಕ್ ಹೆಸರನ್ನು ಹೋಲುವ ಬೋರ್ಡುಗಳು ಎದ್ದಿವೆ. ನನಗೆ ಇದು ಬೇಸರದ ಸಂಗತಿ. ಬಣ್ಣ ಹಾಗೇ ಇದೆ, ಡಬ್ಬಿ ಹಾಗೇ ಇದೆ, ಒಳಗಿನ ತುಂಡು ಗಾಜಿನ ಪೆಟ್ಟಿಗೆಯಲ್ಲಿ ದೀಪದ ಕಾವಿಗೆ ಗಂಟೆಗಟ್ಟಲೆ ಕೂತು ಬೆಂಡಾದದ್ದು. ಕರಾವಳಿಯ ಅಡುಗೆಯವರ ಕೈಯಲ್ಲಿ ಏನು ಕಡಿಮೆ ಇದೆ? ಬ್ಯಾಡಗಿ ಮೆಣಸು, ಕಾಳುಮೆಣಸು, ಕರಿಬೇವು ಎಲ್ಲ ಮನೆಬಾಗಿಲಲ್ಲೇ ಇವೆ. ಗಲ್ಫಿನ ಅಡುಗೆಮನೆಗಳಲ್ಲಿ ವರ್ಷಗಟ್ಟಲೆ ಪಳಗಿ ಬಂದ ಹುಡುಗರಿದ್ದಾರೆ. ಅಬು ಗಝಾಲ ಸೋದರರು ಅಮೆರಿಕದ ಯಂತ್ರಕ್ಕೆ ತಮ್ಮ ಮಸಾಲೆ ಕೂಡಿಸಿದಂತೆ ನಾವೂ ಕೂಡಿಸಿ, ನಮ್ಮದೇ ಹೆಸರಿಟ್ಟು, ಒಂದೇ ಅಂಗಡಿಯನ್ನು ಹತ್ತು ವರ್ಷ ನೆಟ್ಟಗೆ ನಡೆಸಬಹುದು. ಅಂಥದ್ದು ಭಟ್ಕಳದಲ್ಲೋ ಮಂಗಳೂರಿನಲ್ಲೋ ಎದ್ದರೆ ಮೊದಲ ದಿನವೇ ಸಾಲಿನಲ್ಲಿ ನಿಲ್ಲುತ್ತೇನೆ.

ಈ ಬಾರಿ ಉಮ್ರಾಕ್ಕೆ ಹೊರಟವರಿಗೊಂದು ಮಾತು. ಸಾಧ್ಯವಾದರೆ ಅಲ್ಲೇ ಕೂತು, ಡಬ್ಬಿ ಕೈಗೆ ಬಂದ ಕೂಡಲೇ ತಿನ್ನಿ, ಎದೆಯ ತುಂಡಿನಿಂದ ಶುರುಮಾಡಿ. ಪಾರ್ಸೆಲ್ ಕಟ್ಟಿಸಿದರೆ ಮುಚ್ಚಳ ಸ್ವಲ್ಪ ತೆರೆದಿಡಿ, ಇಲ್ಲವಾದರೆ ಅದರದೇ ಆವಿಗೆ ಹೊರಪದರ ಮೆತ್ತಗಾಗುತ್ತದೆ. ಸಾಲು ಎಷ್ಟೇ ಉದ್ದವಿರಲಿ, ಬೆಳ್ಳುಳ್ಳಿ ಸಾಸ್ ಇನ್ನೊಂದು ಕೇಳಿ ಪಡೆಯಿರಿ.