ಹಿಮನಾಡಿನ ಸಿಹಿಯೂ ನನ್ನ ಕೆಂಪು ಶಾಯಿಯೂ

ಇರುವ ಊರಿನ ಕಥೆ ಬರೆಯುವವರಿಗಿಂತ ಇಲ್ಲದ ಊರಿನ ಕಥೆ ಬರೆಯುವವರಿಗೆ ಸ್ವಾತಂತ್ರ್ಯ ಹೆಚ್ಚೆಂದು ನಾವು ಸಾಮಾನ್ಯವಾಗಿ ನಂಬಿರುತ್ತೇವೆ. ಅಲ್ಲಿ ನದಿ ಯಾವ ದಿಕ್ಕಿಗೆ ಹರಿದರೂ ಕೇಳುವವರಿಲ್ಲ. ಜನ ಏನನ್ನುಂಡರೂ ಆಕ್ಷೇಪಿಸುವವರಿಲ್ಲ. ಬಹುಕಾಲ ನನ್ನ ನಂಬಿಕೆಯೂ ಇದೇ ಆಗಿತ್ತು. ಅದನ್ನು ಕೆಡವಿದ್ದು ಒಂದು ಬಟ್ಟಲು ಸಿಹಿತಿಂಡಿ. ಅದೂ ನಾನು ಎಂದೂ ತಿಂದಿರದ ತಿಂಡಿ.

ಕೆಲವು ವರ್ಷಗಳ ಹಿಂದೆ ನಮ್ಮ ಕಾಲೇಜಿನ ವಾರ್ಷಿಕ ಸಂಚಿಕೆಯ ಸಂಪಾದಕತ್ವ ನನ್ನ ಪಾಲಿಗೆ ಬಂದಿತ್ತು. ಬಿ.ಎ. ತರಗತಿಯ ವಿದ್ಯಾರ್ಥಿನಿಯೊಬ್ಬಳು ಒಂದು ಕಥೆ ತಂದುಕೊಟ್ಟಳು. ಸದಾ ಹಿಮ ಸುರಿಯುವ ಒಂದು ಕಲ್ಪಿತ ನಾಡು. ಮಗ ಮೊದಲ ಬೇಟೆಯಿಂದ ಹಿಂದಿರುಗಿದ ದಿನ ತಾಯಿ ಹಬ್ಬದ ತಿಂಡಿ ಮಾಡುತ್ತಾಳೆ. ಪ್ರಾಣಿಯ ಕೊಬ್ಬನ್ನು ಬರಿಗೈಯಲ್ಲಿ ಕಡೆಕಡೆದು ನೊರೆಯಂತೆ ಬಿಳುಪಾಗಿಸಿ, ಹೊಸ ಹಿಮ ಬೆರೆಸಿ, ಕಾಡುಹಣ್ಣು ಸೇರಿಸಿ, ಕೊನೆಗೆ ಬೇಯಿಸಿದ ಮೀನನ್ನು ಎಳೆಎಳೆಯಾಗಿ ಬಿಡಿಸಿ ಕಲಸುತ್ತಾಳೆ. ನಾನು ಕೆಂಪು ಶಾಯಿಯಲ್ಲಿ, "ಔಚಿತ್ಯವಿಲ್ಲ, ಸಿಹಿಯಲ್ಲಿ ಮೀನೆ?" ಎಂದು ಬರೆದೆ. ಕರೆದು, "ನೋಡಮ್ಮ, ಓದುವವರಿಗೆ ಹೇಸಿಗೆಯಾಗಬಾರದು" ಎಂದು ಬುದ್ಧಿಯನ್ನೂ ಹೇಳಿದೆ. ಆಕೆ "ಆಗಲಿ, ಸಾರ್" ಎಂದಳು. ಮರುದಿನ ಬಂದ ಪ್ರತಿಯಲ್ಲಿ ಹಾಲು, ಸಕ್ಕರೆ, ಏಲಕ್ಕಿ ಹಾಕಿ ಹೆಪ್ಪುಗಟ್ಟಿಸಿದ ತಿಂಡಿಯಿತ್ತು. ಅದೇ ಅಚ್ಚಾಯಿತು. ತಿದ್ದುಪಡಿಯಿಂದ ಕಥೆ ಕಳೆಗಟ್ಟಿತೆಂದು ನಾನು ಸಹೋದ್ಯೋಗಿಗಳ ಮುಂದೆ ಹೆಮ್ಮೆಪಟ್ಟುಕೊಂಡದ್ದೂ ಉಂಟು.

ಈಚೆಗೆ ರಜೆಯಲ್ಲಿ ಅಲಾಸ್ಕದ ಜನಜೀವನವನ್ನು ಕುರಿತು ಓದುತ್ತಿದ್ದಾಗ ಅಲ್ಲಿನ ಯೂಪಿಕ್ ಜನರ 'ಅಕುತಕ್' ಎಂಬ ತಿನಿಸು ಎದುರಾಯಿತು. ಹೆಸರಿನ ಅರ್ಥ 'ಕಲಸಿದ್ದು' ಎಂದು. ಕಾಡು ಹಿಮಸಾರಂಗದ ಕೊಬ್ಬು, ಸೀಲ್ ಪ್ರಾಣಿಯ ಎಣ್ಣೆ, ಕಾಡುಹಣ್ಣು, ಹೊಸ ಹಿಮ, ಕೆಲವೆಡೆ ಮೀನು. ಕೈಯಿಂದಲೇ ಕಡೆದು ಹಗುರಾಗಿಸುವುದು. ಬೇಟೆಗಾರರಿಗೆ ಇದು ದಾರಿಯ ಬುತ್ತಿ. ಹುಡುಗನ ಮೊದಲ ಬೇಟೆಯ ಸಂಭ್ರಮಕ್ಕೂ ಇದೇ. ಹೊರಗಿನವರು ಇದಕ್ಕೆ 'ಎಸ್ಕಿಮೊ ಐಸ್‌ಕ್ರೀಮ್' ಎಂದು ಹೆಸರಿಟ್ಟರು. ಈಗ ಅನೇಕ ಮನೆಗಳಲ್ಲಿ ಅಂಗಡಿಯ ವನಸ್ಪತಿಯೂ ಸಕ್ಕರೆಯೂ ಇದರೊಳಕ್ಕೆ ಬಂದಿವೆ. ಪುಸ್ತಕವನ್ನು ಮುಚ್ಚಿಟ್ಟು ನಾನು ಬಹಳ ಹೊತ್ತು ಸುಮ್ಮನೆ ಕುಳಿತಿದ್ದೆ.

ನಮಗೆ ತಂಪೆಂಬುದು ಸುಖ; ಏಪ್ರಿಲ್ ತಿಂಗಳ ಮಧ್ಯಾಹ್ನ ದುಡ್ಡು ಕೊಟ್ಟು ಕೊಳ್ಳುವ ವಸ್ತು. ಹಿಮನಾಡಿನಲ್ಲಾದರೋ ತಂಪು ಬಾಗಿಲಾಚೆ ಬೇಕಾದಷ್ಟು ಬಿದ್ದಿದೆ; ದುರ್ಲಭವಾದದ್ದು ಶಾಖ. ಒಂದು ಗ್ರಾಂ ಸಕ್ಕರೆಯಿಂದ ದೇಹಕ್ಕೆ ದೊರೆಯುವುದು ಸುಮಾರು 4 ಕಿಲೊಕ್ಯಾಲೊರಿ, ಕೊಬ್ಬಿನಿಂದ 9. ಅಂಥ ನೆಲದಲ್ಲಿ ಹಬ್ಬದ ಸವಿ ಕೊಬ್ಬಿನಲ್ಲಿ ನೆಲೆಸದೆ ಇನ್ನೆಲ್ಲಿ ನೆಲೆಸಬೇಕು? ಹುಲ್ಲೇ ಚಿಗುರದ ಆ ಕಥೆಯ ನಾಡಿಗೆ ಹಸುವಿನ ಹಾಲನ್ನು ತಂದವನು ನಾನು, ಏಲಕ್ಕಿ ಬಿತ್ತಿದವನೂ ನಾನು. ಹುಡುಗಿ ಕಷ್ಟಪಟ್ಟು ಕಟ್ಟಿದ ನಾಡನ್ನು ಮಲ್ಲೇಶ್ವರದ ಒಂದು ಓಣಿಯನ್ನಾಗಿಸಿದೆ.

ಹಾಗಾದರೆ ಕಲ್ಪನೆಯ ತಿಂಡಿಯೆಲ್ಲ ಎಲ್ಲೋ ಒಂದು ಕಡೆ ನಿಜವಾಗಿ ಇರಲೇಬೇಕೆ ಎಂದು ವಾಚಕರು ಕೇಳಬಹುದು. ಖಂಡಿತ ಬೇಕಿಲ್ಲ. ಅಮೆರಿಕದ ಲೇಖಕಿ ಅರ್ಸುಲಾ ಲೆ ಗ್ವಿನ್ 1969ರಲ್ಲಿ ಪ್ರಕಟಿಸಿದ 'ದಿ ಲೆಫ್ಟ್ ಹ್ಯಾಂಡ್ ಆಫ್ ಡಾರ್ಕ್‌ನೆಸ್' ಕಾದಂಬರಿಯನ್ನು ನೋಡಿ. ಗೆಥೆನ್ ಎಂಬ ಚಳಿಯ ಗ್ರಹವೊಂದನ್ನು ಆಕೆ ಅಲ್ಲಿ ಕಲ್ಪಿಸಿದ್ದಾರೆ. ಅಲ್ಲಿನವರ ಊಟದ ಮೇಜಿನ ಮೇಲೆ ಒಂದು ಸಣ್ಣ ಸಲಕರಣೆಯಿರುತ್ತದೆ. ಒಂದು ಗುಟುಕಿಗೂ ಇನ್ನೊಂದು ಗುಟುಕಿಗೂ ನಡುವೆ ಪಾನೀಯದ ಮೇಲೆ ಕಟ್ಟುವ ಹಿಮದ ಪದರವನ್ನು ಒಡೆಯಲು ಅದು. ಆದ್ದರಿಂದಲೇ ಅಲ್ಲಿಯವರು ಬಿಯರನ್ನು ಬಿಸಿಯಾಗಿ ಕುಡಿಯುತ್ತಾರೆ. ಆ ಸಲಕರಣೆ ಯಾವ ವಸ್ತುಸಂಗ್ರಹಾಲಯದಲ್ಲಿಯೂ ಇಲ್ಲ; ಆದರೂ ಅದನ್ನು ಓದುಗ ಅನುಮಾನಿಸುವುದಿಲ್ಲ. ಚಳಿಯನ್ನು ಹತ್ತು ಪುಟ ಬಣ್ಣಿಸಿದರೂ ಬಾರದ ನಂಬಿಕೆ ಆ ಪುಟ್ಟ ವಸ್ತುವಿನಿಂದ ಬರುತ್ತದೆ. ಏಕೆಂದರೆ ಅದು ಹುಟ್ಟಿದ್ದು ಅಲ್ಲಿನ ಅಗತ್ಯದಿಂದ. ಲೇಖಕಿ ಮಾನವಶಾಸ್ತ್ರಜ್ಞ ಆಲ್‌ಫ್ರೆಡ್ ಕ್ರೋಬರ್ ಅವರ ಮಗಳೆಂಬುದನ್ನೂ ಇಲ್ಲಿ ನೆನೆಯಬಹುದು.

ಔಚಿತ್ಯವೆಂಬ ಮಾತನ್ನು ನಾನು ತರಗತಿಯಲ್ಲಿ ವರ್ಷವರ್ಷವೂ ಪಾಠ ಹೇಳಿದ್ದೇನೆ. ಅದನ್ನು ಕಾವ್ಯದ ಜೀವಿತವೆಂದು ಸಾರಿದ ಕ್ಷೇಮೇಂದ್ರ ಹನ್ನೊಂದನೆಯ ಶತಮಾನದ ಕಾಶ್ಮೀರದವನು, ಹಿಮವನ್ನು ಕಂಡವನು. ಯಾವುದು ಯಾವುದಕ್ಕೆ ತಕ್ಕುದೋ ಅದು ಉಚಿತ ಎಂಬುದು ಅವನ ವಿಚಾರದ ತಿರುಳು. ಪರೀಕ್ಷಿಸಬೇಕಾದದ್ದು ತಿಂಡಿಗೂ ಆ ನಾಡಿಗೂ ಇರುವ ಸಂಬಂಧವನ್ನು. ನಾನು ಪರೀಕ್ಷಿಸಿದ್ದು ತಿಂಡಿಗೂ ನನ್ನ ನಾಲಗೆಗೂ ಇರುವ ಸಂಬಂಧವನ್ನು. ಇಷ್ಟಕ್ಕೂ ಕಥೆ ನಿರ್ದೋಷವಾಗಿರಲಿಲ್ಲ. ಸಂಭಾಷಣೆ ಗ್ರಾಂಥಿಕವಾಗಿತ್ತು, ಮುಕ್ತಾಯದಲ್ಲಿ ಅವಸರವಿತ್ತು. ಆ ಕುಂದುಗಳನ್ನು ಹಾಗೆಯೇ ಬಿಟ್ಟು, ಇದ್ದ ಒಂದು ಗುಣವನ್ನು ತಿದ್ದಿದೆ!

ಆಕೆ ಅಕುತಕ್ ವಿಷಯ ಎಲ್ಲಾದರೂ ಓದಿದ್ದಳೋ, ತಾನಾಗಿಯೇ ಊಹಿಸಿದ್ದಳೋ ನಾನು ಕೇಳಲಿಲ್ಲ. ಓದಿದ್ದರೆ ಶ್ರದ್ಧೆ, ಊಹಿಸಿದ್ದರೆ ಪ್ರತಿಭೆ. ಎರಡಕ್ಕೂ ನನ್ನಿಂದ ಸಿಕ್ಕಿದ್ದು ಒಂದೇ ಕೆಂಪು ಗೆರೆ. ಮರುವರ್ಷದ ಸಂಚಿಕೆಗೆ ಆಕೆ ಏನನ್ನೂ ಕೊಡಲಿಲ್ಲ. ಆಗ ಅದು ನನ್ನ ಗಮನಕ್ಕೆ ಬಂದಿರಲಿಲ್ಲ.

ಆ ಸಂಚಿಕೆ ಇಂದಿಗೂ ಕಾಲೇಜಿನ ಗ್ರಂಥಾಲಯದಲ್ಲಿದೆ, ಏಲಕ್ಕಿಯ ಸಮೇತ. ಈಗ ವಿದ್ಯಾರ್ಥಿಗಳ ಹಸ್ತಪ್ರತಿಯನ್ನು ನಾನು ಪೆನ್ಸಿಲಿನಲ್ಲಿ ನೋಡುತ್ತೇನೆ. ವಿಚಿತ್ರವೆನಿಸಿದ ಕಡೆ "ಇದು ಅಲ್ಲಿ ಏಕೆ?" ಎಂದಷ್ಟೇ ಬರೆದು, ಉತ್ತರಕ್ಕಾಗಿ ಕಾಯುತ್ತೇನೆ.